ಕಾವಲು ಗೋಪುರದ ಕಸದಲ್ಲಿ ಸಿಕ್ಕ ಹೂಣರು

ರೋಮನ್ ಸಾಮ್ರಾಜ್ಯಕ್ಕೆ ಶತ್ರುಗಳು ಹೊಸಬರಲ್ಲ. ಪರ್ಷಿಯನ್ನರೊಡನೆ ತಲೆಮಾರುಗಟ್ಟಲೆ ಕಾದಾಡಿದ್ದರು. ಗೋಥರ ಕುಲ, ನಾಯಕರು, ಅವರ ಒಳಜಗಳ ಎಲ್ಲವೂ ಗಡಿಯ ಅಧಿಕಾರಿಗಳಿಗೆ ಗೊತ್ತಿತ್ತು. ಹೂಣರು ಮಾತ್ರ ಊರು ಕೇರಿ ಒಂದೂ ಗೊತ್ತಿಲ್ಲದವರಾಗಿ ಬಂದು ಎರಗಿದರು. ಕ್ರಿ.ಶ. 376ರಲ್ಲಿ ಗೋಥರು ಹೆಂಡಿರು ಮಕ್ಕಳನ್ನು ಕಟ್ಟಿಕೊಂಡು ಡ್ಯಾನ್ಯೂಬ್ ನದಿಯ ಉತ್ತರ ದಂಡೆಗೆ ಬಂದು, ಹೊಳೆ ದಾಟಿ ಒಳಗೆ ಬರಲು ಬಿಡಿ ಎಂದು ರೋಮನ್ನರನ್ನು ಬೇಡಿಕೊಂಡರು. ಅವರನ್ನು ನೆಲೆ ತಪ್ಪಿಸಿ ಓಡಿಸಿದವರು ಹೂಣರು. ಎರಡೇ ವರ್ಷಗಳಲ್ಲಿ, ರೋಮನ್ ಅಧಿಕಾರಿಗಳ ಕಿರುಕುಳಕ್ಕೆ ಬೇಸತ್ತ ಅದೇ ಗೋಥರು ತಿರುಗಿಬಿದ್ದು ಏಡ್ರಿಯಾನೋಪಲ್ ಬಳಿ ಚಕ್ರವರ್ತಿ ವೇಲೆನ್ಸ್‌ನನ್ನೂ ಅವನ ಸೈನ್ಯದ ಬಹುಭಾಗವನ್ನೂ ಅಳಿಸಿಹಾಕಿದರು. ಹೂಣರು ಇನ್ನೂ ರೋಮನ್ ನೆಲದ ಮೇಲೆ ನೇರವಾಗಿ ದಂಡೆತ್ತಿ ಬಂದಿರಲೇ ಇಲ್ಲ.

ಇವರು ಯಾರು, ಎಲ್ಲಿಯವರು ಎಂಬ ಪ್ರಶ್ನೆಗೆ ಉತ್ತರ ಹುಡುಕಲು ಅಮ್ಮಿಯಾನಸ್ ಮಾರ್ಸೆಲಿನಸ್‌ಗಿಂತ ತಕ್ಕವನು ಆಗ ಇರಲಿಲ್ಲ. ಅವನು ರಣರಂಗ ಕಂಡ ಸೈನ್ಯಾಧಿಕಾರಿ, ಆಮೇಲೆ ಇತಿಹಾಸಕಾರನಾದವನು. 359ರಲ್ಲಿ ಪರ್ಷಿಯಾದ ದೊರೆ ಎರಡನೆಯ ಶಾಪುರ್ ಅಮಿದಾ ಕೋಟೆಗೆ, ಅಂದರೆ ಇಂದಿನ ಟರ್ಕಿಯ ದಿಯಾರ್‌ಬಕಿರ್‌ಗೆ, ಮುತ್ತಿಗೆ ಹಾಕಿದಾಗ ಒಳಗೆ ಸಿಕ್ಕಿಬಿದ್ದವರಲ್ಲಿ ಅವನೂ ಒಬ್ಬ. ಶಾಪುರನ ಜೊತೆಗೆ ಮಧ್ಯ ಏಷ್ಯಾದಿಂದ ಬಂದ ಖಿಯೋನೈಟ್ ದೊರೆ ಗ್ರುಂಬಾಟಿಸ್ ಇದ್ದ. ಕೋಟೆಯ ಮೇಲಿನ ಯಂತ್ರದಿಂದ ಹಾರಿದ ಬಾಣ ಆ ದೊರೆಯ ಪಕ್ಕದಲ್ಲೇ ಕುದುರೆಯೇರಿದ್ದ ಹರೆಯದ ಮಗನ ಎದೆ ಹೊಕ್ಕಿತೆಂದು ಅಮ್ಮಿಯಾನಸ್ ಬರೆದಿದ್ದಾನೆ. ಆ ಖಿಯೋನೈಟರೂ ಹೂಣರ ಬಳಗಕ್ಕೆ ಸೇರಿದವರೆಂದು ಈಗಿನ ಹಲವು ವಿದ್ವಾಂಸರು ಎಣಿಸುತ್ತಾರೆ. ಇತಿಹಾಸಕಾರನಾಗಿ ಹೂಣರ ಬಗ್ಗೆ ಬರೆಯಲು ಕುಳಿತಾಗ ಅಮ್ಮಿಯಾನಸ್‌ಗೆ ಆ ನಂಟು ಹೊಳೆಯಲಿಲ್ಲ. ಅಜೋವ್ ಸಮುದ್ರದ ಆಚೆ, ಹೆಪ್ಪುಗಟ್ಟಿದ ಸಾಗರದ ಹತ್ತಿರ ಇವರ ನೆಲೆ ಎಂದಷ್ಟೇ ಬರೆದ. ಉಳಿದದ್ದೆಲ್ಲ ಅವರ ಮುಖ, ಉಡುಪು, ಊಟದ ಬಗೆಗಿನ ಹೇವರಿಕೆಯ ಮಾತು.

ಅವರ ಯುದ್ಧದ ಬಗೆಯನ್ನು ಮಾತ್ರ ಅವನು ಸೈನಿಕನ ಕಣ್ಣಿನಿಂದ ಸರಿಯಾಗಿ ಕಂಡ. ಹೂಣರು ಸಾಲುಗಟ್ಟಿ ನಿಂತು ಕಾದುವವರಲ್ಲ. ಗುಂಪುಗುಂಪಾಗಿ ನುಗ್ಗಿ, ಚದುರಿ, ಮತ್ತೆ ಕೂಡಿ, ದೂರದಿಂದಲೇ ಬಾಣ ಸುರಿಸುತ್ತಿದ್ದರು. ಹತ್ತಿರ ಬಂದವನ ಮೇಲೆ ಹಗ್ಗದ ಕುಣಿಕೆ ಎಸೆದು ಕೈಕಾಲು ಕಟ್ಟುತ್ತಿದ್ದರು. ಅವರ ಬಿಲ್ಲು ಒಂದೇ ಮರದ ಕೋಲಲ್ಲ. ಮರದ ಒಳಮೈಗೆ ಕೊಂಬಿನ ಪಟ್ಟಿ, ಹೊರಮೈಗೆ ಪ್ರಾಣಿಗಳ ಸ್ನಾಯುವಿನ ನಾರು ಅಂಟಿಸಿ, ಎರಡು ತುದಿಗಳಿಗೂ ಹಿಡಿಗೂ ಮೂಳೆಯ ಪಟ್ಟಿ ಕೂರಿಸುತ್ತಿದ್ದರು. ಬಾಗದೆ ಸೆಟೆದು ನಿಲ್ಲುವ ಆ ತುದಿಗಳು ಸನ್ನೆಗೋಲಿನಂತೆ ಕೆಲಸ ಮಾಡುತ್ತವೆ. ಹಾಗಾಗಿ ಕುದುರೆಯ ಮೇಲೆ ಹಿಡಿಯಬಹುದಾದಷ್ಟು ಗಿಡ್ಡ ಬಿಲ್ಲಿನಿಂದಲೂ ಭಾರೀ ಬಲದ ಬಾಣ ಹೊರಡುತ್ತದೆ. ಮರ, ಕೊಂಬು, ನಾರು ಮಣ್ಣಿನಲ್ಲಿ ಕೊಳೆತುಹೋದರೂ ಈ ಮೂಳೆಯ ಪಟ್ಟಿಗಳು ಉಳಿಯುತ್ತವೆ.

ದೊರೆ ಅಟಿಲಾನ ಕಾಲಕ್ಕೆ ಹೂಣರು ಬಯಲ ಸವಾರರಷ್ಟೇ ಆಗಿ ಉಳಿದಿರಲಿಲ್ಲ, ಕೋಟೆ ಒಡೆಯುವುದನ್ನೂ ಕಲಿತಿದ್ದರು. 440ರ ದಶಕದ ಆರಂಭದಲ್ಲಿ ಇಂದಿನ ಸರ್ಬಿಯಾದ ನಿಶ್ ನಗರವನ್ನು, ಆಗಿನ ನೈಸಸ್ಸನ್ನು, ಹಿಡಿದ ರೀತಿಯನ್ನು ಗ್ರೀಕ್ ಲೇಖಕ ಪ್ರಿಸ್ಕಸ್ ವಿವರಿಸಿದ್ದಾನೆ. ನದಿಗೆ ಸೇತುವೆ ಕಟ್ಟಿದರು. ಚಕ್ರಗಳ ಮೇಲೆ ನಿಂತ ಅಟ್ಟಗಳನ್ನು ಗೋಡೆಯ ಬಳಿಗೆ ತಳ್ಳಿ, ಅವುಗಳ ಮೇಲಿಂದ ಬಾಣ ಬಿಟ್ಟರು. ಲೋಹದ ಮೂತಿಯ ತೊಲೆಗಳನ್ನು ಸರಪಳಿಯಲ್ಲಿ ತೂಗುಹಾಕಿ ಗೋಡೆಗೆ ಗುದ್ದಿದರು. 449ರಲ್ಲಿ ರಾಯಭಾರಿಗಳ ಜೊತೆ ಅಟಿಲಾನ ಬಳಿಗೆ ಹೊರಟ ಪ್ರಿಸ್ಕಸ್ ಅದೇ ನಗರವನ್ನು ಹಾದುಹೋದ. ಊರಲ್ಲಿ ಜನರಿಲ್ಲ, ಚರ್ಚುಗಳಲ್ಲಿ ಕೆಲವು ರೋಗಿಗಳು ಮಾತ್ರ ಇದ್ದರು. ನದಿಯ ದಂಡೆಯ ತುಂಬ ಸತ್ತವರ ಎಲುಬು ಬಿದ್ದಿದ್ದರಿಂದ ತಂಡ ಹೊಳೆಯಿಂದ ಸ್ವಲ್ಪ ದೂರ ಸರಿದು ಬಿಡಾರ ಹೂಡಬೇಕಾಯಿತು. ಅಷ್ಟರಲ್ಲಿ ಕಾನ್‌ಸ್ಟಾಂಟಿನೋಪಲ್ ಹೂಣರಿಗೆ ಕೊಡುತ್ತಿದ್ದ ಕಪ್ಪ ವರ್ಷಕ್ಕೆ 350 ರೋಮನ್ ಪೌಂಡ್ ಚಿನ್ನದಿಂದ 700ಕ್ಕೆ, ಅಲ್ಲಿಂದ 2,100ಕ್ಕೆ ಏರಿತ್ತು. ಈಗಿನ ತೂಕದಲ್ಲಿ ಅದು ಏಳು ಕ್ವಿಂಟಲಿಗೆ ಹತ್ತಿರ.

ಇಷ್ಟೆಲ್ಲ ನಡೆಸಿದ ಜನ ತಮ್ಮ ಬಗ್ಗೆ ಒಂದಕ್ಷರ ಬರೆದಿಡಲಿಲ್ಲ. 453ರಲ್ಲಿ ಅಟಿಲಾ ಸತ್ತ. ಮಕ್ಕಳು ಕಚ್ಚಾಡಿದರು, ಅಧೀನ ಕುಲಗಳು ಬಂಡೆದ್ದವು, ರಾಜ್ಯ ಚೂರಾಯಿತು. ಹೂಣರ ಮೂಲದ ಪ್ರಶ್ನೆ ಅಮ್ಮಿಯಾನಸ್ ಬಿಟ್ಟಲ್ಲೇ ಸಾವಿರದ ಮುನ್ನೂರು ವರ್ಷ ಉಳಿಯಿತು.

ಅದನ್ನು ಮತ್ತೆ ಎತ್ತಿಕೊಂಡವರು ಪ್ಯಾರಿಸ್ಸಿನ ಜೋಸೆಫ್ ದ ಗೀನ್ಯ್. ಚೀನೀ ಗ್ರಂಥಗಳನ್ನು ಓದಬಲ್ಲ ಕೆಲವೇ ಯುರೋಪಿಯನ್ನರಲ್ಲಿ ಅವರೊಬ್ಬರು. 1756ರಿಂದ 1758ರವರೆಗೆ ಪ್ರಕಟವಾದ ತಮ್ಮ ದೊಡ್ಡ ಇತಿಹಾಸದಲ್ಲಿ ಅವರು, ಚೀನದ ಹಾನ್ ಅರಸರನ್ನು ಶತಮಾನಗಳ ಕಾಲ ಕಾಡಿದ ಶಿಯೊಂಗ್ನು ಎಂಬ ಅಲೆಮಾರಿಗಳೇ ರೋಮನ್ನರ ಹೂಣರು ಎಂದು ವಾದಿಸಿದರು. ಉತ್ತರದ ಶಿಯೊಂಗ್ನು ಗುಂಪು ಮೊದಲ ಶತಮಾನದ ಕೊನೆಯಲ್ಲಿ ಸೋತು ಪಶ್ಚಿಮಕ್ಕೆ ಹೋಗಿ ಚೀನೀಯರ ಕಣ್ಣಿಂದ ಮರೆಯಾಗಿತ್ತು. ಊಹೆ ಆಕರ್ಷಕವಾಗಿತ್ತು, ಗಿಬ್ಬನ್ ಕೂಡ ತಮ್ಮ ರೋಮ್ ಇತಿಹಾಸದಲ್ಲಿ ಅದನ್ನು ಬಳಸಿಕೊಂಡರು. ಆದರೆ ಅಲ್ಲಿ ಮರೆಯಾದವರಿಗೂ ಇಲ್ಲಿ ಕಾಣಿಸಿಕೊಂಡವರಿಗೂ ನಡುವೆ ಸುಮಾರು 280 ವರ್ಷಗಳ ಅಂತರವಿದೆ. ದ ಗೀನ್ಯ್ ಕೈಯಲ್ಲಿ ಇದ್ದದ್ದು ಹೆಸರಿನ ಹೋಲಿಕೆಯೊಂದೇ, ಅದೂ ಚೀನೀ ಅಕ್ಷರಗಳ ಈಚಿನ ಉಚ್ಚಾರಣೆಯನ್ನು ನಂಬಿದ್ದು.

ಪುರಾವೆ ಸಿಕ್ಕಿದ್ದು 1907ರಲ್ಲಿ. ಹುಡುಕಿದವರು ಹೂಣರನ್ನು ಹುಡುಕುತ್ತಿರಲಿಲ್ಲ.

ಆರೆಲ್ ಸ್ಟೈನ್ ಬುಡಾಪೆಸ್ಟಿನಲ್ಲಿ ಹುಟ್ಟಿದವರು. ಅವರ ಪೂರ್ತಿ ಹೆಸರು ಮಾರ್ಕ್ ಆರೆಲ್, ರೋಮನ್ ಚಕ್ರವರ್ತಿಯೊಬ್ಬನ ಹೆಸರು. ಲಾಹೋರಿನ ಓರಿಯಂಟಲ್ ಕಾಲೇಜಿನಲ್ಲಿ ಪ್ರಿನ್ಸಿಪಾಲರಾಗಿ, ಕಲ್ಹಣನ ರಾಜತರಂಗಿಣಿಯನ್ನು ಸಂಪಾದಿಸಿ ಇಂಗ್ಲಿಷಿಗೆ ತಂದವರು. ಕಾಶ್ಮೀರವನ್ನಾಳಿದ ಹೂಣ ದೊರೆ ಮಿಹಿರಕುಲನ ಕ್ರೌರ್ಯದ ಕತೆಗಳು ಆ ಗ್ರಂಥದಲ್ಲಿ ಬರುತ್ತವೆ, ಹಾಗಾಗಿ ಭಾರತದ ಹೂಣರು ಅವರಿಗೆ ಅಪರಿಚಿತರಲ್ಲ. ಮಧ್ಯ ಏಷ್ಯಾಕ್ಕೆ ಅವರ ಎರಡನೆಯ ಪಯಣದಲ್ಲಿ ಬಂಗಾಳ ಸ್ಯಾಪರ್ಸ್ ಪಡೆಯ ನಾಯಕ್ ರಾಮ್ ಸಿಂಗ್ ಜೊತೆಗಿದ್ದರು. ಬಡಗಿ ಕೆಲಸ, ಫೋಟೋ ತೊಳೆಯುವುದು, ಅಗೆತದ ಉಸ್ತುವಾರಿ ಎಲ್ಲಕ್ಕೂ ಒದಗುತ್ತಿದ್ದ ಆ ಸಿಖ್ ಸೈನಿಕ ಮರುವರ್ಷ ಮರುಭೂಮಿಯಲ್ಲೇ ಗ್ಲಾಕೋಮಾದಿಂದ ಎರಡೂ ಕಣ್ಣು ಕಳೆದುಕೊಂಡರು. ಸ್ಟೈನರ ಕೀರ್ತಿಯ ಜೊತೆ ಈ ಹೆಸರನ್ನೂ ಹೇಳಬೇಕೆಂದು ನನಗೆ ಯಾವಾಗಲೂ ಅನಿಸುತ್ತದೆ.

1907ರ ವಸಂತದಲ್ಲಿ ಈ ತಂಡ ಚೀನದ ಡನ್‌ಹುವಾಂಗ್‌ನ ಪಶ್ಚಿಮಕ್ಕೆ ಹಾನ್ ಕಾಲದ ಗಡಿಗೋಡೆಯ ಗುಂಟ ಸಾಗುತ್ತಿತ್ತು. ಶಿಯೊಂಗ್ನು ದಾಳಿಯನ್ನು ತಡೆಯಲೆಂದೇ ಎದ್ದ ಗೋಡೆ ಅದು. ಜೊಂಡಿನ ಕಟ್ಟುಗಳ ಒಂದು ಪದರ, ಜಲ್ಲಿ ಮಣ್ಣಿನ ಒಂದು ಪದರ, ಹೀಗೆ ಪೇರಿಸಿದ ಗೋಡೆ. ಅಲ್ಲಲ್ಲಿ ಕಾವಲು ಗೋಪುರ. ಮಳೆಯೆಂಬುದೇ ಅಪರೂಪವಾದ ನೆಲವಾದ್ದರಿಂದ ಕಾವಲುಗಾರರು ಹೊರಗೆಸೆದ ಕಸ ಎಸೆದಂತೆಯೇ ಉಳಿದಿತ್ತು. ನಕಾಶೆಯಲ್ಲಿ ಹನ್ನೆರಡನೆಯ ಸಂಖ್ಯೆ ಪಡೆದ ಗೋಪುರದ ಪಕ್ಕದ ಇಕ್ಕಟ್ಟಾದ ಓಣಿಯಲ್ಲಿ ಇಂಥದೇ ಕಸ ತುಂಬಿತ್ತು. ಅದನ್ನು ಅಗೆದಾಗ ಒಂದರ ಹಿಂದೊಂದು ಮಡಚಿದ ಕಾಗದಗಳು ಹೊರಬಂದವು. ಮರದ ಪಟ್ಟಿಯ ಮೇಲೆ ಬರೆಯುತ್ತಿದ್ದ ಆ ಗಡಿಯಲ್ಲಿ ಕಾಗದ! ಐದು ಹೆಚ್ಚುಕಡಿಮೆ ಪೂರ್ತಿಯಾದ ಓಲೆಗಳು, ಜೊತೆಗೆ ಚೂರುಗಳು. ಒಂದು ಓಲೆಯನ್ನು ಕಂದು ರೇಷ್ಮೆಯಲ್ಲಿ ಸುತ್ತಿ, ಮೇಲೆ ಒರಟು ಬಟ್ಟೆಯ ಲಕೋಟೆ ತೊಡಿಸಿದ್ದರು. ಅದರ ಮೇಲೆ ವಿಳಾಸವಿತ್ತು. ದಾರಿಯಲ್ಲಿ ಎಲ್ಲೋ ತಡೆಯಲ್ಪಟ್ಟು, ಸೇರಬೇಕಾದವರನ್ನು ಸೇರದೆ ಉಳಿದ ಟಪಾಲು.

ಲಿಪಿ ಯಾರಿಗೂ ಗೊತ್ತಿರಲಿಲ್ಲ. ಅರಮಾಯಿಕ್ ಮೂಲದ್ದೆಂದು ಮಾತ್ರ ಸ್ಟೈನ್ ಗ್ರಹಿಸಿದರು. ಆಕ್ಸ್‌ಫರ್ಡಿನ ಆರ್ಥರ್ ಕೌಲಿ 1911ರಲ್ಲಿ ಅಕ್ಷರಗಳನ್ನು ಬಿಡಿಸಲು ತೊಡಗಿದರು. ಪ್ಯಾರಿಸ್ಸಿನ ರಾಬರ್ ಗೋತಿಯೋ ಭಾಷೆಯನ್ನು ಗುರುತಿಸಿದರು: ಸೋಗ್ಡಿಯನ್, ಸಮರ್ಕಂದದ ವರ್ತಕರ ಭಾಷೆ. ಗೋತಿಯೋ ಮೊದಲ ಮಹಾಯುದ್ಧದಲ್ಲಿ ಗಾಯಗೊಂಡು ತೀರಿಕೊಂಡರು. 1931ರಲ್ಲಿ ಹಾನ್ಸ್ ರೈಖೆಲ್ಟ್ ಓಲೆಗಳ ಪೂರ್ಣ ಆವೃತ್ತಿ ತಂದರು. ಆದರೂ ಅವು ಎಂದಿನವು ಎಂಬ ಲೆಕ್ಕ ತಪ್ಪಾಗಿಯೇ ಇತ್ತು. ಆ ಗೋಪುರಗಳಲ್ಲಿ ಸಿಕ್ಕ ತಾರೀಖುಳ್ಳ ಚೀನೀ ಮರದ ಪಟ್ಟಿಗಳು ಎರಡನೆಯ ಶತಮಾನದ ನಡುವಿಗೆ ನಿಂತುಹೋಗುತ್ತವೆ. ಆದ್ದರಿಂದ ಓಲೆಗಳೂ ಆ ಹೊತ್ತಿನವೇ ಇರಬೇಕು ಎಂದು ಸ್ಟೈನ್ ತೀರ್ಮಾನಿಸಿದ್ದರು. ಅಗೆತದ ನೆಲದಲ್ಲಿ ನಿಂತವರಿಗೆ ಅದು ಸಹಜವಾದ ತರ್ಕ. ಕಾವಲುಗಾರರು ಬಿಟ್ಟುಹೋದ ಗೋಪುರದ ಬದಿಯಲ್ಲಿ ಅನಂತರವೂ ಜನ ಓಡಾಡಬಹುದು ಎಂಬುದು ಆ ತರ್ಕದಲ್ಲಿ ಬಿಟ್ಟುಹೋಗಿತ್ತು.

1948ರಲ್ಲಿ ವಾಲ್ಟರ್ ಹೆನ್ನಿಂಗ್ ಈ ಗಂಟು ಬಿಚ್ಚಿದರು. ಜರ್ಮನಿಯಲ್ಲಿ ಪ್ರಾಚೀನ ಇರಾನಿ ಭಾಷೆಗಳನ್ನು ಕಲಿತು, ನಾಜಿಗಳ ಕಾಲದಲ್ಲಿ ದೇಶ ಬಿಟ್ಟು ಲಂಡನ್ನಿಗೆ ಬಂದ ವಿದ್ವಾಂಸರು. ಅವರು ಹೊಸ ಗೋಪುರ ಅಗೆಯಲಿಲ್ಲ, ಓಲೆಯನ್ನೇ ಕೂತು ಓದಿದರು.

ಬಟ್ಟೆಯ ಲಕೋಟೆಯಲ್ಲಿದ್ದ ಆ ಓಲೆ, ವಿದ್ವಾಂಸರ ಎಣಿಕೆಯಲ್ಲಿ ಎರಡನೆಯದು, ಚೀನದ ಪಶ್ಚಿಮ ಭಾಗದಿಂದ ನನೈವಂದಕ್ ಎಂಬ ವರ್ತಕ ಮೂರು ಸಾವಿರ ಕಿಲೋಮೀಟರಿಗೂ ದೂರದ ಸಮರ್ಕಂದದ ತನ್ನ ಯಜಮಾನರಿಗೆ ಬರೆದದ್ದು. ಯಾವ ಊರಿನಲ್ಲಿ ಯಾವ ಏಜೆಂಟ್ ಕ್ಷೇಮವಾಗಿದ್ದಾನೆ ಎಂಬ ವರದಿಯಿಂದ ಶುರುವಾಗುತ್ತದೆ. ಒಳನಾಡಿಗೆ ಹೋದವರಿಂದ ಮೂರು ವರ್ಷಗಳಿಂದ ಸುದ್ದಿಯಿಲ್ಲ. ಆಮೇಲೆ ಬರುವುದು ದೊಡ್ಡ ಸುದ್ದಿ. ಕ್ಷಾಮಕ್ಕೆ ಹೆದರಿ ಚಕ್ರವರ್ತಿ ರಾಜಧಾನಿ ಬಿಟ್ಟು ಓಡಿದನಂತೆ. ಅರಮನೆಗೂ ಊರಿಗೂ ಬೆಂಕಿ ಬಿತ್ತು. ಸರಗ್ ಇಲ್ಲ, ಯೆ ನಗರವೂ ಇಲ್ಲ. ನಿನ್ನೆಯವರೆಗೆ ಚಕ್ರವರ್ತಿಯ ಕೈಕೆಳಗಿದ್ದವರೇ ಹೀಗೆ ಮಾಡಿದರು. ಉಳಿದ ಚೀನೀಯರಿಗೆ ಅವರನ್ನು ಖುಮ್ದಾನ್‌ನಿಂದ ಹೊರಗಟ್ಟಲು ಆದೀತೋ ಇಲ್ಲವೋ ತನಗೆ ಗೊತ್ತಿಲ್ಲ. ಸರಗ್‌ನಲ್ಲಿದ್ದ ಭಾರತೀಯರೂ ಸೋಗ್ಡಿಯನ್ನರೂ ಹಸಿವಿನಿಂದ ಸತ್ತರು. ಕೊನೆಯಲ್ಲಿ ತಾನು ಕಳಿಸಿದ 32 ಕಸ್ತೂರಿ ಚೀಲಗಳ ಲೆಕ್ಕ, ಒಬ್ಬ ಅನಾಥ ಹುಡುಗನ ಹೆಸರಿನ ಹಣವನ್ನು ಬಂಡವಾಳವಾಗಿ ತೊಡಗಿಸಿ ಬೆಳೆಸಿ ಎಂಬ ಕೋರಿಕೆ.

ಈ ನಗರಗಳು ಯಾವುವು? ಶಿಆನ್‌ನಲ್ಲಿರುವ 781ನೆಯ ಇಸವಿಯ ಕ್ರೈಸ್ತ ಶಿಲಾಶಾಸನದ ಸಿರಿಯಾಕ್ ಸಾಲುಗಳಲ್ಲಿ ಖುಮ್ದಾನ್, ಸರಗ್ ಎರಡೂ ಬರುತ್ತವೆ. ಪರದೇಶಿಯರ ಬಾಯಲ್ಲಿ ಖುಮ್ದಾನ್ ಎಂದರೆ ಚಾಂಗ್ಆನ್, ಸರಗ್ ಎಂದರೆ ಲುವೊಯಾಂಗ್. ಲುವೊಯಾಂಗ್ ಎರಡು ಸಲ ಸುಟ್ಟುಹೋದ ರಾಜಧಾನಿ. 190ರಲ್ಲಿ ಸೇನಾನಿ ದೊಂಗ್ ಜುವೊ ಸುಟ್ಟ. ಆದರೆ ಅವನು ಚೀನದ್ದೇ ಸೈನ್ಯದವನು, ಯೆ ನಗರ ಆಗ ನಾಶವಾಗಲಿಲ್ಲ. ಎರಡನೆಯದು 311ರದು. ಅದಕ್ಕೂ ನಾಲ್ಕು ವರ್ಷ ಮೊದಲು, 307ರಲ್ಲಿ, ಯೆ ಬೂದಿಯಾಗಿತ್ತು. ಹಸಿವಿಗೆ ಸಿಕ್ಕ ಜಿನ್ ಚಕ್ರವರ್ತಿ ಹುವಾಯ್ ಲುವೊಯಾಂಗ್ ಬಿಟ್ಟು ಓಡುವಾಗ ಸೆರೆಸಿಕ್ಕ. ಚಾಂಗ್ಆನ್ ಒಮ್ಮೆ ಕೈತಪ್ಪಿ, ಮರುವರ್ಷ ಮತ್ತೆ ಚೀನೀಯರ ಪಾಲಾಯಿತು. ಓಲೆಯ ಒಂದೊಂದು ಮಾತಿಗೂ ಚೀನೀ ಇತಿಹಾಸಗ್ರಂಥಗಳಲ್ಲಿ ಜೋಡಿ ಸಿಕ್ಕಿತು. ಓಲೆ ಬರೆದದ್ದು 313ರ ಆಸುಪಾಸು ಎಂದು ಹೆನ್ನಿಂಗ್ ಹೇಳಿದರು. ಹಂಗೇರಿಯ ಹರ್ಮಟ್ಟಾ ಮುಂದೆ 190ರ ದಶಕದ ಪರವಾಗಿ ವಾದಿಸಿದರೂ ಬಹುಪಾಲು ವಿದ್ವಾಂಸರು ಹೆನ್ನಿಂಗರ ಕಾಲನಿರ್ಣಯವನ್ನೇ ಒಪ್ಪಿದ್ದಾರೆ.

311ರಲ್ಲಿ ಲುವೊಯಾಂಗ್ ಹಿಡಿದವರು ಯಾರೆಂಬುದರಲ್ಲಿ ಚೀನೀಯರಿಗೆ ಸಂದೇಹವಿಲ್ಲ. ಚೀನದೊಳಗೆ ನೆಲೆಸಿ ಅರಸರ ಪ್ರಜೆಗಳಾಗಿದ್ದ ದಕ್ಷಿಣದ ಶಿಯೊಂಗ್ನು ಅವರು. ಅವರನ್ನು ನನೈವಂದಕ್ ತನ್ನ ಓಲೆಯಲ್ಲಿ ಮೂರು ಅಕ್ಷರಗಳಲ್ಲಿ ಬರೆದಿದ್ದ: ಖ್, ವ್, ನ್. ಸೋಗ್ಡಿಯನ್ ಬರವಣಿಗೆಯಲ್ಲಿ ಸ್ವರಗಳನ್ನು ಬಹಳ ಸಲ ಬಿಡುತ್ತಾರೆ. ಅದು ಖೂನ್, ಅಂದರೆ ಹೂಣ್.

ಈ ಸಾಕ್ಷಿಯ ಬಲ ಸಾಕ್ಷಿದಾರನಲ್ಲಿದೆ. ಅವನು ಗ್ರಂಥ ಓದಿ ಹೆಸರು ಹೊಂದಿಸಿದ ಪಂಡಿತನಲ್ಲ, ಚೀನೀ ಅಕ್ಷರ ನೋಡಿ ಊಹಿಸಿದವನಲ್ಲ. ಹುಲ್ಲುಗಾವಲಿನ ಜನರ ನೆರೆಯಲ್ಲಿ ವ್ಯಾಪಾರ ಮಾಡಿ ಬದುಕಿದವನು. ಅವರು ತಮ್ಮನ್ನು ಏನೆಂದು ಕರೆದುಕೊಳ್ಳುತ್ತಾರೆಂದು ಅವನಿಗೆ ಗೊತ್ತಿರಲೇಬೇಕು. ರೋಮನ್ನರು ಆ ಹೆಸರನ್ನು ಮೊದಲ ಸಲ ನಡುಗುತ್ತ ಕೇಳುವುದಕ್ಕೆ ಅರವತ್ತು ವರ್ಷ ಮೊದಲು ಅವನು ಅದನ್ನು ಬರೆದ.

ಅದೇ ಕಸದಲ್ಲಿ ಸಿಕ್ಕ ಇನ್ನೆರಡು ಓಲೆಗಳಿಗೆ ಯುದ್ಧದ ಸಂಬಂಧವಿಲ್ಲ, ಆದರೂ ಬಿಡಲು ಮನಸ್ಸಾಗದು. ಗಂಡ ಡನ್‌ಹುವಾಂಗ್‌ನಲ್ಲಿ ಬಿಟ್ಟುಹೋದ ಮಿವ್ನಾಯ್ ಎಂಬ ಹೆಣ್ಣುಮಗಳು ಒಂದನ್ನು ತಾಯಿಗೆ, ಒಂದನ್ನು ಗಂಡನಿಗೆ ಬರೆಸಿದ್ದಾಳೆ. ಮಗಳೂ ಜೊತೆಗಿದ್ದಾಳೆ, ಕೈಯಲ್ಲಿ ಕಾಸಿಲ್ಲ, ಊರಿಗೆ ಕರೆದೊಯ್ಯುವವರಿಲ್ಲ. ಗಂಡನಿಗೆ ಬರೆದ ಮಾತು ಇವತ್ತಿಗೂ ಸುಡುತ್ತದೆ: ನಿನ್ನ ಹೆಂಡತಿಯಾಗುವುದಕ್ಕಿಂತ ನಾಯಿಯದೋ ಹಂದಿಯದೋ ಹೆಂಡತಿಯಾಗುವುದು ಮೇಲಿತ್ತು ಎಂಬ ಅರ್ಥದ್ದು.

ಹೆನ್ನಿಂಗರ ಲೇಖನಕ್ಕೆ ಎಲ್ಲರೂ ತಲೆದೂಗಲಿಲ್ಲ. ವಿಯೆನ್ನಾದಿಂದ ಬಂದು ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿ ನೆಲೆಸಿದ್ದ ಒಟ್ಟೊ ಮೆಂಚನ್-ಹೆಲ್ಫೆನ್ ಹೂಣರ ಬಗ್ಗೆ ಎಲ್ಲರಿಗಿಂತ ಹೆಚ್ಚು ಓದಿದವರು. ಹೆಸರು ಒಂದಾದರೆ ಜನ ಒಂದೇ ಆಗಬೇಕಿಲ್ಲ, ಹುಲ್ಲುಗಾವಲಿನಲ್ಲಿ ಹೆಸರು ಕೈಯಿಂದ ಕೈಗೆ ದಾಟುತ್ತದೆ, ಪ್ರತಾಪಶಾಲಿಗಳ ಹೆಸರನ್ನು ಇತರರು ತಮ್ಮದಾಗಿಸಿಕೊಳ್ಳುತ್ತಾರೆ ಎಂದು ಅವರು ಪಟ್ಟುಹಿಡಿದರು. ಶಿಯೊಂಗ್ನು ಕಲೆಗೂ ಯುರೋಪಿನ ಹೂಣರ ವಸ್ತುಗಳಿಗೂ ಹೋಲಿಕೆ ಕಡಿಮೆ ಎಂಬುದು ಅವರ ಇನ್ನೊಂದು ವಾದ. ಈ ಆಕ್ಷೇಪ ನನಗೆ ಬಹಳ ಮುಖ್ಯವೆನಿಸುತ್ತದೆ. ಓಲೆಯಿಂದ ಸಾಬೀತಾದದ್ದು ಹೆಸರು ಮಾತ್ರ, ವಂಶವಲ್ಲ.

ಹೆಸರಿನ ಮಟ್ಟಿಗಂತೂ 2005ರಲ್ಲಿ ಫ್ರಾನ್ಸಿನ ಎತಿಯೆನ್ ದ ಲಾ ವೇಸಿಯೇರ್ ಇನ್ನೊಬ್ಬ ಸಾಕ್ಷಿಯನ್ನು ಮುಂದೆ ತಂದರು. ಅವನು ಬೌದ್ಧ ಭಿಕ್ಷು ಧರ್ಮರಕ್ಷ. ಹುಟ್ಟಿದ್ದು ಅದೇ ಡನ್‌ಹುವಾಂಗ್‌ನಲ್ಲಿ. ಸಂಸ್ಕೃತ ಗ್ರಂಥಗಳನ್ನು ಚೀನೀ ಭಾಷೆಗೆ ತಂದವನು. ಬುದ್ಧನ ಬಾಲ್ಯವನ್ನು ಹೇಳುವ ಲಲಿತವಿಸ್ತರದಲ್ಲಿ, ಕುಮಾರ ಸಿದ್ಧಾರ್ಥ ಗುರುವಿನ ಮುಂದೆ 64 ಲಿಪಿಗಳ ಹೆಸರು ಹೇಳುವ ಪ್ರಸಂಗವಿದೆ. ಆ ಪಟ್ಟಿಯಲ್ಲಿ ಹೂಣಲಿಪಿಯೂ ಒಂದು. 308ರಲ್ಲಿ ಅನುವಾದಿಸುವಾಗ ಧರ್ಮರಕ್ಷ ಆ ಹೂಣ ಶಬ್ದಕ್ಕೆ ಬಳಸಿದ್ದು ಶಿಯೊಂಗ್ನು ಎಂಬುದನ್ನೇ. 280ರಲ್ಲಿ ಇನ್ನೊಂದು ಸೂತ್ರವನ್ನು ಅನುವಾದಿಸುವಾಗಲೂ ಹಾಗೆಯೇ ಮಾಡಿದ್ದ. ವರ್ತಕನೊಬ್ಬ, ಭಿಕ್ಷುವೊಬ್ಬ, ಒಬ್ಬರಿಗೊಬ್ಬರು ಗುರುತಿಲ್ಲದೆ ಒಂದೇ ಮಾತು ಹೇಳಿದರು. ಅಟಿಲಾ ಸತ್ತ ಆಸುಪಾಸಿನಲ್ಲೇ ಗುಪ್ತ ದೊರೆ ಸ್ಕಂದಗುಪ್ತ ಎದುರಿಸಿದ ಹೂಣರ ಹೆಸರು ಉತ್ತರಪ್ರದೇಶದ ಭಿತರಿ ಸ್ತಂಭಶಾಸನದಲ್ಲಿದೆ. ಒಂದೇ ತಲೆಮಾರಿನಲ್ಲಿ ಎರಡು ಸಾಮ್ರಾಜ್ಯಗಳು, ಸಾವಿರಾರು ಮೈಲಿ ದೂರದಲ್ಲಿ, ಒಂದೇ ಹೆಸರಿನವರೊಡನೆ ಹೋರಾಡುತ್ತಿದ್ದವು.

ಹೆಸರಿನಾಚೆಗೆ ವಸ್ತುಗಳು ಮಾತಾಡತೊಡಗಿದವು. ಹಂಗೇರಿಯ ತೋರ್ಟೆಲ್‌ನಲ್ಲಿ 1869ರಲ್ಲಿ ಸಿಕ್ಕ ಲೋಹದ ಕೊಪ್ಪರಿಗೆ 89 ಸೆಂಟಿಮೀಟರ್ ಎತ್ತರದ್ದು. ನೀಳ ಒಡಲು, ಕೆಳಗೆ ಕಾಲು, ಬಾಯಿಯ ಮೇಲೆ ಅಣಬೆಯಾಕಾರದ ಗುಬುಟುಗಳುಳ್ಳ ಚೌಕ ಹಿಡಿಗಳು. ಇಂಥ ಕೊಪ್ಪರಿಗೆಗಳ ವಂಶವನ್ನು ಹಿಂದೆ ಹಿಂದೆ ಹಿಡಿದು ಹೋದರೆ ವೋಲ್ಗಾ, ಅಲ್ಟಾಯ್ ದಾಟಿ ಚೀನದ ಉತ್ತರ ಗಡಿ ಮುಟ್ಟುತ್ತದೆ. ಮೂಳೆಯ ಪಟ್ಟಿ ಕೂರಿಸಿದ ಬಿಲ್ಲುಗಳೂ ಶಿಯೊಂಗ್ನು ಸಮಾಧಿಗಳಲ್ಲಿ ಸಿಗುತ್ತವೆ. ಕೊಪ್ಪರಿಗೆಯನ್ನು ಯಾರಾದರೂ ಕೊಂಡಿರಬಹುದು, ಬಿಲ್ಲನ್ನು ಯಾರಾದರೂ ನಕಲು ಮಾಡಿರಬಹುದು ಎಂಬ ಮಾತು ಮಾತ್ರ ಉಳಿಯಿತು.

ಅದಕ್ಕೆ ಉತ್ತರ ಕೊಟ್ಟದ್ದು ಎಲುಬು. 2025ರ ಫೆಬ್ರುವರಿಯಲ್ಲಿ ಅಮೆರಿಕದ ರಾಷ್ಟ್ರೀಯ ವಿಜ್ಞಾನ ಅಕಾಡೆಮಿಯ ಪತ್ರಿಕೆಯಲ್ಲಿ, ಜರ್ಮನಿಯ ಲೈಪ್‌ಜಿಗ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯವರೂ ಸೇರಿದ ತಂಡವೊಂದು ಮಂಗೋಲಿಯಾದಿಂದ ಹಂಗೇರಿ ಬಯಲಿನವರೆಗಿನ ಸಮಾಧಿಗಳ 370 ಮಂದಿಯ ಪ್ರಾಚೀನ ಡಿಎನ್‌ಎಯನ್ನು ಹೋಲಿಸಿತು. ದೂರದ ನೆಂಟರಲ್ಲೂ ಉಳಿಯುವಂಥ, ಉದ್ದುದ್ದ ಭಾಗಗಳಾಗಿ ಹೊಂದುವ ಡಿಎನ್‌ಎ ತುಣುಕುಗಳನ್ನು ಅವರು ಹುಡುಕಿದರು. ಹೂಣರ ಕಾಲದ ಯುರೋಪಿನ ಕೆಲವರಿಗೂ ಮಂಗೋಲಿಯಾದ ಶಿಯೊಂಗ್ನು ಮೇಲ್ವರ್ಗದ ಗೋರಿಗಳಲ್ಲಿ ಮಲಗಿದವರಿಗೂ ಅಂಥ ನಂಟು ಕಂಡಿತು. ಆದರೆ ಕೆಲವರಿಗೆ ಮಾತ್ರ. ಪೂರ್ವದಿಂದ ದೊಡ್ಡ ಜನಸಮೂಹವೇ ಬಂದು ನೆಲೆಸಿದ ಗುರುತು ಹಂಗೇರಿ ಬಯಲಿನಲ್ಲಿಲ್ಲ; ಅಲ್ಲಿ ಸಿಕ್ಕವರ ಮೂಲ ಹತ್ತು ಬಗೆಯದು.

ಯುದ್ಧದ ದಾಖಲೆಗಳನ್ನು ಇದರ ಜೊತೆಗಿಟ್ಟು ಓದಿದರೆ ಆಶ್ಚರ್ಯವಾಗುವುದಿಲ್ಲ. 451ರಲ್ಲಿ ಫ್ರಾನ್ಸಿನ ಕ್ಯಾಟಲೋನಿಯನ್ ಬಯಲಿನಲ್ಲಿ ರೋಮನ್ ಸೇನಾನಿ ಏಷಿಯಸ್‌ಗೆ ಎದುರಾದ ಅಟಿಲಾನ ಪಡೆಯಲ್ಲಿ ಓಸ್ಟ್ರೋಗೋಥರು, ಗೆಪಿಡರು ದೊಡ್ಡ ಸಂಖ್ಯೆಯಲ್ಲಿದ್ದರು. ಪ್ರಿಸ್ಕಸ್ ಅಟಿಲಾನ ಬಿಡಾರದಲ್ಲಿ ಓಡಾಡುವಾಗ ಹುಲ್ಲುಗಾವಲಿನವರಂತೆ ಉಡುಪು ತೊಟ್ಟು ತಲೆಗೂದಲನ್ನು ಸುತ್ತ ಕತ್ತರಿಸಿಕೊಂಡಿದ್ದ ಒಬ್ಬ ಗ್ರೀಕ್ ಭಾಷೆಯಲ್ಲಿ ನಮಸ್ಕಾರ ಹೇಳಿದ. ವಿಚಾರಿಸಿದರೆ ಅವನು ಗ್ರೀಕ್ ವರ್ತಕ. ಹೂಣರು ವಿಮಿನಾಸಿಯಂ ನಗರ ಹಿಡಿದಾಗ ಸೆರೆಸಿಕ್ಕು, ಅವರ ಪರವಾಗಿ ರೋಮನ್ನರ ಮೇಲೆಯೇ ಕಾದಿ, ಗೆದ್ದ ಕೊಳ್ಳೆಯನ್ನು ಒಡೆಯನಿಗೆ ಒಪ್ಪಿಸಿ ಬಿಡುಗಡೆ ಪಡೆದಿದ್ದ. ಅಲ್ಲೇ ಮದುವೆಯಾಗಿ ಮಕ್ಕಳೂ ಆಗಿದ್ದವು. ರೋಮನ್ನರ ತೆರಿಗೆ, ಕೋರ್ಟು ಕಚೇರಿಗಳ ಕಾಟಕ್ಕಿಂತ ಇಲ್ಲಿನ ಬಾಳೇ ಲೇಸು ಎಂದು ಪ್ರಿಸ್ಕಸ್‌ನ ಜೊತೆ ವಾದಕ್ಕಿಳಿದ. ಇಂಥವನೊಬ್ಬನ ಎಲುಬು ಹಂಗೇರಿಯ ಗೋರಿಯಲ್ಲಿ ಸಿಕ್ಕರೆ, ಪಕ್ಕದಲ್ಲಿಟ್ಟ ಬಿಲ್ಲು ನೋಡಿ ಅಗೆದವರು ಹೂಣನೆಂದು ಪಟ್ಟಿಯಲ್ಲಿ ಬರೆಯುತ್ತಾರೆ. ಡಿಎನ್‌ಎ ವರದಿ ಮೆಡಿಟರೇನಿಯನ್ ಕಡೆಯವನೆಂದು ಹೇಳುತ್ತದೆ.